ಹಾಲು, ಬೆಂಕಿ, ಹಾವು

ನಮ್ಮೂರಿನಲ್ಲಿ ಬಂದ ಸೊಸೆಯ ಹೆಸರನ್ನು ಬದಲಿಸುವುದಿಲ್ಲ, ಬಂದ ಯಂತ್ರದ ಅಂಕೆಯನ್ನೂ ಬದಲಿಸುವುದಿಲ್ಲ. ತವರಿನಿಂದ ತಂದದ್ದನ್ನು ಕಿತ್ತುಕೊಳ್ಳುವುದು ಮನೆತನಸ್ಥರ ಲಕ್ಷಣವಲ್ಲ ಎಂದು ಹಿರಿಯರು ಹೇಳಿಟ್ಟಿದ್ದಾರೆ. ಹಾಗಾಗಿ ಎಲೆಕ್ಟ್ರಿಕ್ ಅಂಗಡಿಯ ಚಂದ್ರೋಜಿ ಮನೆಮನೆಗೂ ಕಾವಲಿಗೆಂದು ಕ್ಯಾಮೆರಾ ಹಾಕಿಕೊಟ್ಟಾಗ, ಪೆಟ್ಟಿಗೆಯ ಮೇಲೆ ಅಚ್ಚಾಗಿ ಬಂದಿದ್ದ ಒಂದು ಎರಡು ಮೂರು ನಾಲ್ಕು ಎಂಬ ಗುಟ್ಟಿನ ಅಂಕೆಗೆ ಅರಿಶಿನ ಕುಂಕುಮ ಹಚ್ಚಿ, ಆರತಿ ಎತ್ತಿ, ಅದನ್ನೇ ಉಳಿಸಿಕೊಂಡೆವು. ಆರುನೂರು ಮನೆಗೆ ಒಂದೇ ಗುಟ್ಟು. ಮಾರನೆಯ ದಿನದಿಂದ ನಮ್ಮ ಫೋನಿನಲ್ಲಿ ಇನ್ಯಾರದೋ ಮನೆ ಕಾಣತೊಡಗಿತು, ನಮ್ಮ ಮನೆ ಇನ್ಯಾರದೋ ಫೋನಿನಲ್ಲಿ.

ಮೊದಲ ವಾರ ಜನ ಚಂದ್ರೋಜಿಯ ಅಂಗಡಿಗೆ ಮುತ್ತಿಗೆ ಹಾಕಿದರು. ಅವನು ತಲೆ ಕೆರೆದುಕೊಂಡು, "ಅಂಕೆ ಬದಲಾಯಿಸಿದ್ರೆ ಎಲ್ಲಾ ಸರಿಹೋಗುತ್ತೆ. ಯಾರು ಮೊದಲು ಬದಲಾಯಿಸ್ತೀರಿ, ಮುಂದೆ ಬನ್ನಿ" ಅಂದ. ಯಾರೂ ಮುಂದೆ ಬರಲಿಲ್ಲ. ಕ್ಯಾಮೆರಾಕ್ಕೆ ಕುಂಕುಮ ಇಟ್ಟು ಮನೆತುಂಬಿಸಿಕೊಂಡ ಮೇಲೆ ಹಾಗೆಲ್ಲ ಮಾಡಲು ಬರುತ್ತದೆಯೇ? ಎರಡನೆಯ ವಾರ ಎಲ್ಲರೂ ಹೊಂದಿಕೊಂಡರು.

ಹೊಂದಿಕೊಳ್ಳುವುದು ನಮ್ಮೂರಿನವರಿಗೆ ನೀರು ಕುಡಿದಷ್ಟು ಸುಲಭ. ಯಾರ ಮನೆ ಕಾಣುತ್ತದೆಂದು ಹೊರಗೆ ಆಡಬಾರದು ಎಂದು ಕಟ್ಟಳೆಯಾಯಿತು. ಕಂಡದ್ದರಲ್ಲಿ ಮೂರನ್ನು ಮಾತ್ರ ಹೇಳಬಹುದು: ಹಾಲು, ಬೆಂಕಿ, ಹಾವು. ಹಾಲು ಉಕ್ಕುತ್ತಿದ್ದರೆ, ಬೆಂಕಿ ಹತ್ತಿದ್ದರೆ, ಹಾವು ಹೊಕ್ಕಿದ್ದರೆ ಬಸ್ ನಿಲ್ದಾಣದ ಟಿಕೆಟ್ ಕೌಂಟರಿಗೆ ಫೋನ್ ಮಾಡಬೇಕು. ಅಲ್ಲಿಂದ ಮೈಕಿನಲ್ಲಿ ಕೂಗುತ್ತಾರೆ. ಉಳಿದದ್ದನ್ನೆಲ್ಲ ನೋಡಿದವರು ನುಂಗಿಕೊಳ್ಳಬೇಕು. ಮನೆಗೆ ಬಂದ ನೆಂಟರು ಮೊದಲು ಕ್ಯಾಮೆರಾಕ್ಕೆ ಕೈಮುಗಿದು ಆಮೇಲೆ ಹಿರಿಯರ ಕಾಲಿಗೆ ಬೀಳುವುದು ರೂಢಿಗೆ ಬಂತು. ಗಂಡಸರು ಹರಿದ ಬನಿಯನ್ನಿಗೆ ವಿದಾಯ ಹೇಳಿದರು. ಪಾತ್ರೆಗೇ ಕೈಹಾಕಿ ತಿನ್ನುವುದು ನಿಂತಿತು. ಜಗಳಗಳೆಲ್ಲ ಬಚ್ಚಲುಮನೆಗೆ ಸ್ಥಳಾಂತರವಾದವು. ಮೇಲಿನ ಬೀದಿಯ ಅಣ್ಣತಮ್ಮಂದಿರು ಆಸ್ತಿ ಪಾಲು ಮಾಡಿಕೊಂಡದ್ದು ಬಚ್ಚಲಿನಲ್ಲೇ. ಇಬ್ಬರು ಪಂಚರು ಹಂಡೆಯ ಕಟ್ಟೆಯ ಮೇಲೆ ಕೂತಿದ್ದರು, ಮೂರನೆಯವರಿಗೆ ಜಾಗವಿಲ್ಲದೆ ಅವರು ಹೊರಗಿನಿಂದಲೇ ಹೂಂಗುಟ್ಟಿದರಂತೆ.

ಈಗ ನನ್ನ ಮನೆಯ ವಿಷಯಕ್ಕೆ ಬರುತ್ತೇನೆ. ನಾನು ಇಂದುಮತಿ. ಬ್ಲೌಸ್ ಹೊಲಿಯುತ್ತೇನೆ. ಬಸ್ ನಿಲ್ದಾಣದ ಮೈಕಿನಲ್ಲಿ ಬಸ್ಸುಗಳ ಹೆಸರು ಕೂಗುತ್ತಾರಲ್ಲ, ಅವರೇ ನಮ್ಮ ಯಜಮಾನರು. ಬೆಳಗ್ಗೆ ಆರರಿಂದ ಮಧ್ಯಾಹ್ನ ಮೂರರವರೆಗೆ ಅವರ ದನಿ ಊರಿಗೆಲ್ಲ ಕೇಳುತ್ತದೆ. ನಮ್ಮ ಮನೆ ನಿಲ್ದಾಣದ ಹಿಂದಿನ ಬೀದಿಯಲ್ಲೇ ಇರುವುದರಿಂದ ನನಗೆ ಇನ್ನೂ ಚೆನ್ನಾಗಿ ಕೇಳುತ್ತದೆ. ಆದರೆ ಕ್ಯಾಮೆರಾ ಬರುವ ಹೊತ್ತಿಗೆ, ಅವರು ನನ್ನ ಜೊತೆ ಒಂದು ಮಾತೂ ಆಡದೆ ಎಂಟು ವರ್ಷವಾಗಿತ್ತು. ನಾನೂ ಆಡಿರಲಿಲ್ಲ.

ಕಾರಣ ಕೇಳಿದರೆ ನಗುತ್ತೀರಿ. ಅವರ ಚಿಕ್ಕಪ್ಪನ ಮಗಳ ಮದುವೆ. ಊಟದ ಪಂಕ್ತಿಯಲ್ಲಿ ಯಾರೋ ದೊಡ್ಡ ಮನುಷ್ಯರು, "ನಿಮ್ಮ ಮನೆಯವರು ಏನು ಮಾಡ್ಕೊಂಡಿದಾರೆ?" ಎಂದು ಕೇಳಿದರು. ಇವರು ಹಪ್ಪಳ ಮುರಿಯುತ್ತಾ, "ಏನಿಲ್ಲ, ಸುಮ್ನೆ ಮನೇಲಿದಾಳೆ" ಅಂದುಬಿಟ್ಟರು. ಆ ಛತ್ರದಲ್ಲಿದ್ದ ಹೆಂಗಸರಲ್ಲಿ ಮುಕ್ಕಾಲು ಪಾಲು ಜನರ ಮೈಮೇಲಿದ್ದದ್ದು ನಾನು ಹೊಲಿದ ಬ್ಲೌಸು. ಮದುಮಗಳ ತೋಳಿನ ಕಸೂತಿಗೆ ಹದಿನಾಲ್ಕು ದಿನ ಕಣ್ಣು ಕಳೆದುಕೊಂಡಿದ್ದೆ. ಸುಮ್ಮನೆ ಇದ್ದಾಳಂತೆ! ಸರಿ, ಸುಮ್ಮನೆ ಇರುವುದೆಂದರೇನು ಎಂದು ತೋರಿಸುತ್ತೇನೆ ಅಂದುಕೊಂಡು ಅವತ್ತಿನಿಂದ ಬಾಯಿ ಹೊಲಿದುಕೊಂಡೆ. ಅವರಾಗಿಯೇ ಮಾತಾಡಿಸಲಿ ಎಂದು ನಾನು, ನಾನಾಗಿಯೇ ಮಾತಾಡಿಸಲಿ ಎಂದು ಅವರು. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಎನ್ನುತ್ತಾರೆ. ನಾವು ಎಂಟು ವರ್ಷ ಉಂಡೆವು, ಮಲಗಿದೆವು, ಜಗಳ ಮಾತ್ರ ಎದ್ದು ಕೂತೇ ಇತ್ತು. ಮಕ್ಕಳಿಲ್ಲ, ಇದ್ದಿದ್ದರೆ ಮಧ್ಯಸ್ಥಿಕೆಗಾದರೂ ಆಗುತ್ತಿದ್ದವು. ಅಕ್ಕಿ ಮುಗಿದಿದ್ದರೆ ಬಟ್ಟೆಗೆ ಗುರುತು ಹಾಕುವ ಸೀಮೆಸುಣ್ಣದಲ್ಲಿ ಅಡುಗೆಮನೆಯ ಗೋಡೆಯ ಮೇಲೆ 'ಅಕ್ಕಿ' ಎಂದು ಬರೆಯುತ್ತಿದ್ದೆ, ಸಂಜೆಗೆ ಅಕ್ಕಿ ಬಂದಿರುತ್ತಿತ್ತು. ಮಾತು ಬೆಳ್ಳಿ ಮೌನ ಬಂಗಾರ ಎಂಬುದು ನಿಜವಾಗಿದ್ದರೆ ನಾವು ಊರಿಗೇ ಸಾಹುಕಾರರಾಗಬೇಕಿತ್ತು.

ಚಂದ್ರೋಜಿ ಕ್ಯಾಮೆರಾ ಹಾಕಿ ಹೋದ ಮಾರನೆಯ ದಿನ ಇವರು ಮೂರೂವರೆಗೆ ಮನೆಗೆ ಬಂದರು. ಬಾಗಿಲ ಮೇಲಿನ ಆ ಕಪ್ಪು ಕಣ್ಣನ್ನು ನೋಡಿದರು. ಯಾರೋ ನೋಡುತ್ತಿದ್ದಾರೆ ಎಂಬುದು ಆ ಹೊತ್ತಿಗೆ ಊರಿಗೆಲ್ಲ ಗೊತ್ತಾಗಿತ್ತು. ಮೈಕಿನ ಮುಂದೆ ಮಾಡುವ ಹಾಗೆ ಗಂಟಲು ಸರಿಮಾಡಿಕೊಂಡರು. "ಇಂದು, ಊಟ ಆಯ್ತಾ?" ಅಂದರು.

ನನ್ನ ಕೈಯಿಂದ ಕತ್ತರಿ ಬಿತ್ತು. ಉತ್ತರ ಕೊಡಬಾರದೆಂದೇ ಇದ್ದೆ. ಆದರೆ ನೋಡುವ ಮನೆಯವರು ಏನೆಂದುಕೊಂಡಾರು? ಗಂಡ ಕೇಳಿದರೆ ಬಾಯಿ ಬಿಡದ ಹೆಂಡತಿ ಎಂದು ನಾಳೆ ಊರೆಲ್ಲ ಮನಸ್ಸಿನಲ್ಲೇ ಆಡಿಕೊಳ್ಳುವುದಿಲ್ಲವೇ? ಮರ್ಯಾದೆಯ ಪ್ರಶ್ನೆ. "ಆಯ್ತು. ನಿಮಗೆ ಬಡಿಸ್ಲಾ?" ಅಂದೆ. ನನ್ನ ದನಿ ನನಗೇ ಬೇರೆ ಯಾರದೋ ಅನ್ನಿಸಿತು. ಇಬ್ಬರೂ ಸೋತಿರಲಿಲ್ಲ. ಇಬ್ಬರೂ ಮಾತಾಡಿದ್ದು ಕ್ಯಾಮೆರಾಕ್ಕೆ.

ಹಾಗೆ ಮೂರು ವರ್ಷ ನಡೆಯಿತು. ದಿನಾ ಮೂರೂವರೆಗೆ ಅವರು ಬರುವುದು, ಕ್ಯಾಮೆರಾಕ್ಕೆ ಕಾಣುವ ಹಾಗೆ ಎರಡು ಕುರ್ಚಿ ಎಳೆದು ಹಾಕುವುದು, ತಾವೇ ಕಾಫಿ ಮಾಡಿ ತಂದು ನನಗೊಂದು ಲೋಟ ಕೊಡುವುದು, ನಿಲ್ದಾಣದಲ್ಲಿ ಅವತ್ತು ನಡೆದದ್ದನ್ನು ಹೇಳುವುದು. ಮಾತು ಅವರಿಗೆ ದೈವದತ್ತವಾಗಿ ಬಂದದ್ದು. ಕಂಡಕ್ಟರ್‌ಗಳು, ಕಳೆದುಹೋದ ಛತ್ರಿಗಳು, ತಪ್ಪು ಬಸ್ ಹತ್ತಿ ಬೇರೆಯವರ ಸೀಮಂತದಲ್ಲಿ ಊಟ ಮಾಡಿ ಬಂದ ಮುದುಕಿ, ಎಲ್ಲ ಕಣ್ಣಿಗೆ ಕಟ್ಟುವ ಹಾಗೆ ಹೇಳುತ್ತಿದ್ದರು. ನಾನು ನಗುತ್ತಿದ್ದೆ. ಒಂದು ದಿನ ಕ್ಯಾಮೆರಾದ ಕಡೆ ತಿರುಗಿ, "ನಮ್ಮಾಕೆ ಊರಿಗೇ ಬ್ಲೌಸ್ ಹೊಲೀತಾಳೆ. ಇವಳ ಕೈಯಲ್ಲಿ ಹೊಲಿಸಿದ್ದು ಹತ್ತು ವರ್ಷ ಆದ್ರೂ ಹೊಲಿಗೆ ಬಿಡಲ್ಲ" ಅಂದರು. ನಾನು ಎದ್ದು ಬಚ್ಚಲಿಗೆ ಹೋಗಿ, ಬಾಗಿಲು ಹಾಕಿಕೊಂಡು ಅತ್ತೆ. ಅಳುವುದಕ್ಕೂ ಆಗ ಅಲ್ಲೊಂದೇ ಜಾಗ ಇತ್ತು.

ಕ್ಯಾಮೆರಾದ ಕಣ್ಣಳತೆ ದಾಟಿದರೆ ಮತ್ತೆ ಮೌನ. ಹಿತ್ತಲಿನಲ್ಲಿ ಎದುರಾದರೆ ಅಪರಿಚಿತರ ಹಾಗೆ ಪಕ್ಕಕ್ಕೆ ಸರಿಯುತ್ತಿದ್ದೆವು. ಇದೆಲ್ಲ ನಾಟಕ ಎಂದು ಗೊತ್ತಿರಲಿಲ್ಲವೇ ಎಂದು ಕೇಳಬಹುದು. ಗೊತ್ತಿತ್ತು. ಆದರೂ ಮೂರೂವರೆಗೆ ಹದಿನೈದು ನಿಮಿಷ ಮೊದಲೇ ನಾನು ಹೊಲಿಗೆ ನಿಲ್ಲಿಸಿ ತಲೆ ಬಾಚಿಕೊಳ್ಳುತ್ತಿದ್ದೆ. ನಾಟಕವೇ ಆಗಲಿ, ಆ ಗಂಡ ನನಗೆ ಇಷ್ಟವಾಗಿಬಿಟ್ಟಿದ್ದ.

ನಮ್ಮ ಫೋನಿನಲ್ಲಿ ಕಾಣುತ್ತಿದ್ದದ್ದು ಪಾತ್ರೆ ಅಂಗಡಿಯ ತಿಪ್ಪಣ್ಣಶೆಟ್ಟರ ಮನೆ. ಮೂರು ವರ್ಷ ಇದನ್ನು ನಾನು ಯಾರಿಗೂ ಹೇಳಿರಲಿಲ್ಲ. ಎರಡು ಸಲ ಹಾಲು ಹೇಳಿದ್ದೆ, ಒಂದು ಸಲ ಹಾವು. ಅದು ಹಾವಲ್ಲ, ಶೆಟ್ಟರ ಸೊಂಟದ ಬೆಲ್ಟು. ಹೋದ ಮಾಘದಲ್ಲಿ ಶೆಟ್ಟರ ಮನೆಯವರೆಲ್ಲ ಮದುವೆಗೆಂದು ಪರವೂರಿಗೆ ಹೋಗಿದ್ದರು. ಬೆಳಗ್ಗೆ ಹನ್ನೊಂದರ ಹೊತ್ತಿಗೆ ನೋಡಿದರೆ ನಡುಮನೆಯಲ್ಲಿ ಒಬ್ಬ ಗಂಡಸು. ಇಸ್ತ್ರಿ ಮಾಡಿದ ಅಂಗಿ, ಎಣ್ಣೆ ಹಾಕಿ ಬಾಚಿದ ತಲೆ. ಒಳಗೆ ಬಂದವನೇ ಕ್ಯಾಮೆರಾಕ್ಕೆ ಕೈಮುಗಿದ. ನಾನೂ ಇಲ್ಲಿಂದ ಕೈಮುಗಿದೆ. ಅಳಿಯನೇ ಇರಬೇಕು ಅಂದುಕೊಂಡೆ.

ಅವನು ಒಲೆ ಹಚ್ಚಿ ಕಾಫಿಗೆ ಹಾಲಿಟ್ಟ. ಹಾಲು ಏರುವುದನ್ನು ಕಣ್ಣು ಕದಲಿಸದೆ ನೋಡಿ ಸರಿಯಾದ ಹೊತ್ತಿಗೆ ಆರಿಸಿದ. ಲೋಟ ತೊಳೆದು ಬೋರಲು ಹಾಕಿದ. ಎಂಥ ಸಂಸ್ಕಾರ ಅಂದುಕೊಂಡೆ. ಆಮೇಲೆ ಸೀದಾ ರಾಗಿ ಡಬ್ಬಕ್ಕೆ ಮೊಣಕೈಯವರೆಗೆ ಕೈಹಾಕಿ ಬೀರುವಿನ ಕೀಲಿ ತೆಗೆದ. ಹುಡುಕಲಿಲ್ಲ, ತಡಕಲಿಲ್ಲ. ಮನೆಯ ಮಗನಿಗೆ ಮಾತ್ರ ಗೊತ್ತಿರುವ ಹಾಗೆ. ಬೀರು ತೆಗೆದು, ಬೇಕಾದ್ದನ್ನು ಚೀಲಕ್ಕೆ ತುಂಬಿಕೊಂಡು, ಹೋಗುವ ಮುಂಚೆ ತುಳಸಿಗೆ ಒಂದು ಚೊಂಬು ನೀರು ಹಾಕಿ ಹೋದ. ನನ್ನ ಮನಸ್ಸಿನ ಮೂಲೆಯಲ್ಲಿ ಏನೋ ಕೊರೆಯಿತು. ಫೋನ್ ಕೈಗೆತ್ತಿಕೊಂಡೆ. ಆದರೆ ಏನೆಂದು ಹೇಳುವುದು? ಹಾಲು ಉಕ್ಕಿರಲಿಲ್ಲ. ಬೆಂಕಿ ಹತ್ತಿರಲಿಲ್ಲ. ಹಾವು ಬಂದಿರಲಿಲ್ಲ. ಫೋನ್ ಕೆಳಗಿಟ್ಟೆ.

ಅವನು ಬಸ್ ನಿಲ್ದಾಣ ತಲುಪುವ ಹೊತ್ತಿಗೆ ಶೆಟ್ಟರ ಮನೆಯವರು ಬಸ್ಸಿನಿಂದ ಇಳಿಯುತ್ತಿದ್ದರಂತೆ. ತಿಂಗಳುಗಟ್ಟಲೆ ನೋಡಿದ ಸಲಿಗೆ ಅವನ ಬಾಯಿ ತಪ್ಪಿಸಿತು. ಶೆಟ್ಟರ ಹೆಂಡತಿ ಗೌರಮ್ಮನವರ ಮುಂದೆ ನಿಂತು, "ಏನಮ್ಮಾ, ಮಂಡಿನೋವು ಹೇಗಿದೆ? ಎಣ್ಣೆ ಹಚ್ಚೋದು ಬಿಟ್ಟೇಬಿಟ್ರಲ್ಲ" ಅಂದನಂತೆ. ಗೌರಮ್ಮನವರಿಗೆ ಆನಂದವಾಗಿ, "ಹೂಂ ಕಣಪ್ಪಾ, ಚಳಿಗಾಲ ನೋಡು" ಎಂದು ಉತ್ತರ ಕೊಟ್ಟು, ಮದುವೆಯ ಲಾಡು ಎರಡು ಕೊಟ್ಟು ಕಳಿಸಿದರು. ಅವನು ಹತ್ತಿದ ಬಸ್ಸನ್ನು ಮೈಕಿನಲ್ಲಿ ಕೂಗಿ ಬೀಳ್ಕೊಟ್ಟವರು ನಮ್ಮ ಯಜಮಾನರೇ.

ಶೆಟ್ಟರ ಬೀರು ಖಾಲಿಯಾದ ಸುದ್ದಿ ಹಬ್ಬಿ, ಸಂಜೆ ಊರೆಲ್ಲ ಬಸ್ ನಿಲ್ದಾಣದಲ್ಲಿ ಸೇರಿತು. ಸಭೆ ಅಲ್ಲೇ ನಡೆಯುವುದು, ಮೈಕ್ ಇರುವುದು ಅಲ್ಲೇ ಎಂದು. ನಾನು ಎದ್ದು ನಿಂತು, ಕಂಡದ್ದನ್ನೆಲ್ಲ ಹೇಳಿ, ಕೈಮುಗಿದು ಅತ್ತುಬಿಟ್ಟೆ. ಯಾರೂ ಬೈಯಲಿಲ್ಲ. ಕಟ್ಟಳೆ ಮೀರದೆ ಇದ್ದದ್ದಕ್ಕೆ ಇಬ್ಬರು ಮೆಚ್ಚಿಕೊಂಡರು ಕೂಡ, ಅದು ಬೈದದ್ದಕ್ಕಿಂತ ಹೆಚ್ಚು ನೋಯಿತು. ಹಾಲು, ಬೆಂಕಿ, ಹಾವುಗಳ ಜೊತೆಗೆ ಕಳ್ಳನನ್ನೂ ಸೇರಿಸಿದರೆ ಮುಗಿಯಿತಲ್ಲ ಎಂದು ಒಬ್ಬರು ಸೂಚಿಸಿದರು. ಕಳ್ಳ ಎಂದು ಗುರುತು ಹಿಡಿಯುವುದು ಹೇಗೆ ಎಂದು ಇನ್ನೊಬ್ಬರು ಕೇಳಿದರು. ಆಗ ಗೌರಮ್ಮನವರು ಮಂಡಿ ಹಿಡಿದುಕೊಂಡು ಎದ್ದು ನಿಂತರು.

"ಅದೆಲ್ಲ ಹಾಗಿರಲಿ. ಅವನು ನಮ್ಮೂರೋನಲ್ಲ. ನನ್ನ ಮಂಡಿ ವಿಷಯ ಅವನಿಗೆ ಹೆಂಗೆ ಗೊತ್ತಾಯ್ತು?" ಅಂದರು.

ಆ ಪ್ರಶ್ನೆ ಮೂರು ವರ್ಷದಲ್ಲಿ ನಮ್ಮ ಯಾರ ತಲೆಗೂ ಹೊಳೆದಿರಲಿಲ್ಲ. ನಮ್ಮನ್ನು ನಮ್ಮೂರಿನವರೇ ನೋಡುತ್ತಾರೆ, ನೋಡಲಿ, ಹೊರಗಿನವರಿಗೆ ನಮ್ಮಲ್ಲಿ ನೋಡುವಂಥದ್ದೇನಿದೆ ಎಂದುಕೊಂಡಿದ್ದೆವು. ಮಾರನೆಯ ದಿನವೇ ಹೊರಗಿನಿಂದ ಒಬ್ಬ ಇಂಜಿನಿಯರಮ್ಮನನ್ನು ಕರೆಸಿದರು. ಐವತ್ತರ ಹೆಂಗಸು, ಕತ್ತರಿಸಿದ ಕೂದಲು, ಕುಡಿಯುವುದಕ್ಕೆ ಏನು ಕೊಟ್ಟರೂ ಬೇಡ ಅನ್ನುತ್ತಿದ್ದರು. ಟಿಕೆಟ್ ಕೌಂಟರಿನ ಮೇಲೆ ಲ್ಯಾಪ್‌ಟಾಪ್ ಇಟ್ಟು ಏನೋ ಒತ್ತಿದರು. ಪರದೆಯ ತುಂಬ ಚೌಕಗಳು ಮೂಡಿದವು, ಒಂದೊಂದು ಚೌಕದಲ್ಲೂ ನಮ್ಮೂರಿನ ಒಂದೊಂದು ಮನೆ. ಒಂದರಲ್ಲಿ ಚಂದ್ರೋಜಿಯ ತಾಯಿ ಹಲ್ಲಿನ ಸೆಟ್ಟು ತೊಳೆಯುತ್ತಿದ್ದರು.

"ಈ ಒಂದು ಎರಡು ಮೂರು ನಾಲ್ಕು ಇದೆಯಲ್ಲ, ಇದು ಕಾರ್ಖಾನೆಯವರು ಹಾಕಿ ಕಳಿಸೋದು. ಪ್ರಪಂಚಕ್ಕೆಲ್ಲ ಗೊತ್ತಿರೋ ನಂಬರು. ಮನೆಗೆ ತಂದ ತಕ್ಷಣ ಬದಲಾಯಿಸ್ಬೇಕು ಅಂತ ಪೆಟ್ಟಿಗೆ ಮೇಲೇ ಬರೆದಿದೆ" ಅಂದರು ಇಂಜಿನಿಯರಮ್ಮ.

"ಅದರ ಮೇಲೆ ಕುಂಕುಮ ಬಿದ್ದಿತ್ತು ಮೇಡಂ, ಓದೋಕೆ ಆಗ್ಲಿಲ್ಲ" ಅಂದ ಚಂದ್ರೋಜಿ.

"ಬಾಗಿಲಿಗೆ ಬೀಗ ಹಾಕಿ ಕೀಲೀನ ಬೀಗದಲ್ಲೇ ಬಿಟ್ಟು ಮಲಗಿದ್ದೀರಿ ಮೂರು ವರ್ಷ. ಈಗ, ಈ ಗಳಿಗೇಲಿ, ನಿಮ್ಮೂರನ್ನ ನೋಡ್ತಿರೋರು ಹನ್ನೊಂದು ಸಾವಿರ ಜನ. ಅದರಲ್ಲಿ ಮುಕ್ಕಾಲು ಜನ ಯಾವ ದೇಶದೋರು ಅಂತ ನನಗೂ ಗೊತ್ತಿಲ್ಲ."

ಹಿಂದಿನಿಂದ ಯಾರೋ, "ಅಯ್ಯೋ, ಮೊದಲೇ ಗೊತ್ತಿದ್ರೆ ಸುಣ್ಣ ಹೊಡೆಸ್ತಿದ್ವಿ" ಅಂದರು. ಜನ ನಕ್ಕರು. ಕಾವಲಿಗೆಂದು ಹಾಕಿದ ಬೇಲಿಯೇ ಎದ್ದು ಹೊಲ ಮೇಯ್ದಿತ್ತು, ನಾವು ಸುಣ್ಣದ ಚಿಂತೆ ಮಾಡುತ್ತಿದ್ದೆವು. ಪ್ರತಿ ಚೌಕದ ಕೆಳಗೂ ನೋಡುವವರ ಸಂಖ್ಯೆ ಇತ್ತು. ಜನ ತಂತಮ್ಮ ಸಂಖ್ಯೆ ನೋಡಲು ಮುಗಿಬಿದ್ದರು. ಕಡಿಮೆ ಇದ್ದವರ ಮುಖ ಸಣ್ಣಗಾಯಿತು. ನಮ್ಮ ಮನೆಯ ಕೆಳಗೆ ನಾಲ್ಕುನೂರ ಹನ್ನೆರಡು ಎಂದಿತ್ತು. ಯಾರೂ ಇಲ್ಲದ ಮನೆಯಲ್ಲಿ ಎರಡು ಖಾಲಿ ಕುರ್ಚಿಗಳು, ನಾಲ್ಕುನೂರ ಹನ್ನೆರಡು ಜನ ಮೂರೂವರೆಗೆ ಕಾಯುತ್ತಾ ಕೂತಿದ್ದರು. ನಮ್ಮ ಯಜಮಾನರ ಎದೆ ಸ್ವಲ್ಪ ಉಬ್ಬಿದ್ದು ನನಗೆ ಕಂಡಿತು. ಸುಳ್ಳೇಕೆ ಹೇಳಲಿ, ನನಗೂ ಒಂದು ಕ್ಷಣ ಹೆಮ್ಮೆಯಾಯಿತು.

ಇಂಜಿನಿಯರಮ್ಮ ನನ್ನನ್ನು ಪಕ್ಕಕ್ಕೆ ಕರೆದರು. "ನೀವು ಬ್ಲೌಸ್ ಹೊಲಿಯೋರು ಅಲ್ವಾ? ಅಳತೆ ನೋಡೋದು ಎಲ್ಲಿ?" ಎಂದು ಮೆಲ್ಲಗೆ ಕೇಳಿದರು.

"ಮೂಲೇಲಿ ಪರದೆ ಕಟ್ಟಿದೀನಿ. ಕ್ಯಾಮೆರಾಕ್ಕೆ ಕಾಣಲ್ಲ. ಅಷ್ಟು ತಿಳಿಯಲ್ವಾ ನಂಗೆ?"

ಅವರು ನಮ್ಮ ಚೌಕವನ್ನು ಬೆರಳಿನಿಂದ ಹಿಗ್ಗಿಸಿದರು. ಎದುರು ಗೋಡೆಯ ನಿಲುಗನ್ನಡಿ ಕಂಡಿತು. ಕನ್ನಡಿಯೊಳಗೆ ಪರದೆಯ ಹಿಂಬದಿ, ಅಲ್ಲಿ ಮೊಳೆಗೆ ನೇತುಹಾಕಿದ್ದ ನನ್ನ ಅಳತೆ ಟೇಪು. ಅದರ ಮೇಲಿನ ಅಂಕಿಗಳೂ ಸ್ಪಷ್ಟವಾಗಿ ಕಾಣುತ್ತಿದ್ದವು.

ಮೂರು ವರ್ಷ. ಆ ಪರದೆಯ ಹಿಂದೆ ನಿಂತವರ ಮುಖಗಳೆಲ್ಲ ಒಬ್ಬೊಬ್ಬರಾಗಿ ಕಣ್ಣ ಮುಂದೆ ಬಂದವು: ಮದುವೆ ಗೊತ್ತಾದ ಹುಡುಗಿಯರು, ಹೊಸ ಬಾಣಂತಿಯರು, ನನ್ನನ್ನು ನಂಬಿ ಸೆರಗು ತೆಗೆದು ನಿಂತವರು. ಆ ನಾಲ್ಕುನೂರ ಹನ್ನೆರಡು ಜನ ನಮ್ಮ ಕಾಫಿಯನ್ನೇ ನೋಡಲು ಬರುತ್ತಿದ್ದರೆಂದು ಯಾರು ಹೇಳಬಲ್ಲರು? ನಾಚಿಕೆಯಾಯಿತು, ಅದಕ್ಕಿಂತ ಹೆಚ್ಚಾಗಿ ಸಿಟ್ಟು ಬಂತು. ಕಳ್ಳನ ಮೇಲೆ, ಕ್ಯಾಮೆರಾದ ಮೇಲೆ, ಕುಂಕುಮದ ಮೇಲೆ, ಎಲ್ಲಕ್ಕಿಂತ ಹೆಚ್ಚಾಗಿ ನನ್ನ ಮೇಲೆ.

ಅಂಕೆ ಬದಲಾಯಿಸಲು ಒಪ್ಪುವವರು ಕೈ ಎತ್ತಿ ಎಂದು ಮೈಕಿನಲ್ಲಿ ಕೂಗಿದರು ನಮ್ಮ ಯಜಮಾನರು. ಕೂಗಿ, ನನ್ನ ಕಡೆ ನೋಡಿದರು. ಆ ನೋಟದ ಅರ್ಥ ನನಗೆ ಗೊತ್ತಾಯಿತು, ಅವರಿಗೂ ಗೊತ್ತಿತ್ತು. ಅಂಕೆ ಬದಲಾದರೆ ನಮ್ಮ ಮನೆಯನ್ನು ನಾವಲ್ಲದೆ ಬೇರೆ ಯಾರೂ ನೋಡುವುದಿಲ್ಲ. ನೋಡುವವರಿಲ್ಲದಿದ್ದರೆ ಅವರು ಮಾತಾಡುವುದು ಯಾರಿಗೆ? ಮೂರೂವರೆಯ ಕಾಫಿ, ಆ ಕಥೆಗಳು, 'ಇಂದು' ಎಂದು ಕರೆಯುವ ಆ ದನಿ, ಎಲ್ಲ ಇವತ್ತಿಗೇ ಮುಗಿದ ಹಾಗೆ. ನಾನಿನ್ನು ಗೋಡೆಯ ಮೇಲೆ ಅಕ್ಕಿ ಬೇಳೆ ಎಂದು ಬರೆದುಕೊಂಡು ಸಾಯಬೇಕು. ಅಳತೆ ಟೇಪು ಕಣ್ಣ ಮುಂದೆ ತೂಗಾಡಿತು. ಊರಿನಲ್ಲಿ ಮೊದಲ ಕೈ ನಾನೇ ಎತ್ತಿದೆ.

ಕೋಟೆ ಸೂರೆಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದರಂತೆ. ಹಾಕುವುದನ್ನಾದರೂ ನಾವು ಅಚ್ಚುಕಟ್ಟಾಗಿ ಹಾಕಿದೆವೇ? ಪ್ರತಿ ಕ್ಯಾಮೆರಾಕ್ಕೂ ನಾಮಕರಣ ಇಟ್ಟುಕೊಂಡರು. ಹೊಸ ಅಂಕೆಯನ್ನು ಅದರ ಕಿವಿಯಲ್ಲಿ ಮೂರು ಸಲ ಹೇಳಿ ತೊಟ್ಟಿಲ ಹಾಡು ಹಾಡಿದರು. ಅಂಕೆಯನ್ನು ಯಾರಿಗೂ ಹೇಳಬೇಡಿ ಎಂದು ಇಂಜಿನಿಯರಮ್ಮ ಗಂಟಲು ಹರಿದುಕೊಂಡರು. ಮರೆತುಹೋದೀತೆಂದು ಕೆಲವರು ಪಕ್ಕದ ಮನೆಯವರಿಗೆ ಹೇಳಿಟ್ಟರು, ಕೆಲವರು ಬಾಗಿಲ ಮೇಲೆ ಬಣ್ಣದಲ್ಲಿ ಬರೆಸಿದರು. ನಮ್ಮ ಯಜಮಾನರಂತೂ ಅಂಕೆ ಹೇಳಿ ಎಂದ ಕೂಡಲೇ ಅಭ್ಯಾಸಬಲದಿಂದ, ಪ್ರಯಾಣಿಕರ ಗಮನಕ್ಕೆ ಎನ್ನುವ ದನಿಯಲ್ಲಿ ಇಡೀ ಬೀದಿಗೆ ಕೇಳುವ ಹಾಗೆ ಕೂಗಿದರು. ಇಂಜಿನಿಯರಮ್ಮ ಕಣ್ಣು ಮುಚ್ಚಿ ಐದು ನಿಮಿಷ ಕೂತು, ಬೇರೆ ಅಂಕೆ ಆರಿಸಿ ಕಾಗದದಲ್ಲಿ ಬರೆದು ನನ್ನ ಕೈಗೆ ಕೊಟ್ಟರು. ಓದಿಕೊಂಡು ಒಲೆಗೆ ಹಾಕಿದೆ.

ನಾನು ಮನೆಮನೆಗೆ ಹೋಗಿ, ಪರದೆಯ ಹಿಂದೆ ನಿಂತಿದ್ದವರಿಗೆಲ್ಲ ಕನ್ನಡಿಯ ವಿಷಯ ಹೇಳಿ ತಪ್ಪೊಪ್ಪಿಕೊಂಡು ಬಂದೆ. ಕೆಲವರು ಕೈ ಹಿಡಿದುಕೊಂಡರು. ಕೆಲವರು ಮುಖಕ್ಕೇ ಬಾಗಿಲು ಹಾಕಿದರು. ಹಾಕಿದ್ದರಲ್ಲಿ ತಪ್ಪೇನೂ ಇಲ್ಲ.

ಮಾರನೆಯ ದಿನ ಮೂರೂವರೆಗೆ ಅವರು ಬಂದರು. ಕುರ್ಚಿ ಎಳೆದರು, ಒಂದೇ ಕುರ್ಚಿ. ಕಾಫಿ ಮಾಡಲಿಲ್ಲ. ಗಂಟಲು ಸರಿಮಾಡಿಕೊಂಡರು, ಕ್ಯಾಮೆರಾದ ಕಡೆ ನೋಡಿದರು, ಬಾಯಿ ಮುಚ್ಚಿದರು. ನಾನು ಫೋನ್ ತೆಗೆದು ನೋಡಿದೆ. ಈಗ ಅದರಲ್ಲಿ ನಮ್ಮ ಮನೆಯೇ ಕಾಣುತ್ತಿತ್ತು: ಒಬ್ಬ ಗಂಡಸು ನೆಲ ನೋಡುತ್ತಾ ಕೂತಿದ್ದಾನೆ, ಒಬ್ಬ ಹೆಂಗಸು ಫೋನ್ ನೋಡುತ್ತಾ ನಿಂತಿದ್ದಾಳೆ. ಇಬ್ಬರೂ ಒಬ್ಬರಿಗೊಬ್ಬರು ಏನೂ ಅಲ್ಲವೇನೋ ಅನ್ನಿಸುವ ಹಾಗಿತ್ತು. ಅಂಥ ಚಿತ್ರವನ್ನು ಯಾರಾದರೂ ಏಕೆ ನೋಡುತ್ತಾರೆ? ಆರಿಸಿಬಿಟ್ಟೆ. ಹೀಗೆ ಆರು ದಿನ.

ಏಳನೆಯ ದಿನ ಅವರು ಒಬ್ಬರೇ ಬರಲಿಲ್ಲ. ಹಿಂದೆ ಹೂ ಮಾರುವ ಅಂಬಕ್ಕ ಇದ್ದಳು. ನಿಲ್ದಾಣದ ಗೇಟಿನಲ್ಲಿ ಬುಟ್ಟಿ ಇಟ್ಟುಕೊಂಡು ಕೂರುವವಳು, ದೊಡ್ಡ ದೇಹ, ಯಾರನ್ನು ಕಂಡರೂ ಹೆದರದವಳು. ಇವರು ಅವಳನ್ನು ಕ್ಯಾಮೆರಾದ ಕೆಳಗೇ ಕುರ್ಚಿ ಹಾಕಿ ಕೂರಿಸಿದರು.

"ಸುಮ್ನೆ ಕೂತ್ಕೊಳ್ಳಿ ಅಂಬಕ್ಕ. ಏನೂ ಮಾಡ್ಬೇಡಿ. ಈ ಕಡೆ ನೋಡ್ತಿದ್ರೆ ಸಾಕು" ಅಂದರು. ಆಮೇಲೆ ಇನ್ನೆರಡು ಕುರ್ಚಿ ಎಳೆದು, ಗಂಟಲು ಸರಿಮಾಡಿಕೊಂಡು ನನ್ನ ಕಡೆ ತಿರುಗಿದರು. "ಇಂದು, ಸೊಂಟನೋವು ಹೇಗಿದೆ?"

ನನಗೆ ಮೈಯೆಲ್ಲ ಉರಿಯಿತು. ನಗುವೂ ಬಂತು. ಕಟ್ಟಿಕೊಂಡ ಹೆಂಡತಿಯ ಸೊಂಟ ವಿಚಾರಿಸಲು ಬೀದಿಯಿಂದ ಜನ ಕರೆತರುವ ಗಂಡನನ್ನು ನೀವು ಎಲ್ಲಾದರೂ ಕಂಡಿದ್ದೀರಾ? ಆದರೆ ಕೇಳಿದವರು ನನ್ನ ಮುಖ ನೋಡಲಾರದೆ, ಎಲ್ಲಿ ಎದ್ದು ಹೋಗಿಬಿಡುತ್ತಾಳೋ ಎಂಬ ಹಾಗೆ ಅಂಬಕ್ಕನನ್ನೇ ನೋಡುತ್ತಿದ್ದರು. ದುರಹಂಕಾರವೆಂದು ನಾನು ಇಷ್ಟು ವರ್ಷ ಎಣಿಸಿದ್ದು ಅಂಜಿಕೆಯೇನೋ ಎಂದು ಆಗ ಮೊದಲ ಸಲ ಅನುಮಾನ ಬಂತು. "ಪರವಾಗಿಲ್ಲ" ಅಂದೆ.

"ಏನು ಪರವಾಗಿಲ್ಲ? ನಿನ್ನೆ ಸೊಂಟ ಹಿಡ್ಕೊಂಡು ಅಂಗಡಿಗೆ ಹೋಗ್ತಿದ್ದೆ, ನೋಡಿಲ್ವಾ ನಾನು?" ಅಂದಳು ಅಂಬಕ್ಕ. ಕ್ಯಾಮೆರಾಕ್ಕೂ ಅವಳಿಗೂ ಅದೊಂದೇ ವ್ಯತ್ಯಾಸ, ಅವಳು ಅಭಿಪ್ರಾಯ ಕೊಡುತ್ತಿದ್ದಳು.

ನಮ್ಮ ಮನೆಯೊಂದೇ ಅಲ್ಲ, ಹದಿನೈದು ದಿನದಲ್ಲಿ ಅಂಬಕ್ಕನಿಗೆ ಊರಿನಲ್ಲೆಲ್ಲ ಬೇಡಿಕೆ ಬಂತು. ಕ್ಯಾಮೆರಾದ ಅಂಕೆ ಬದಲಾದ ಮೇಲೆ ಎಷ್ಟೋ ಮನೆಗಳಲ್ಲಿ ಅತ್ತೆಯರು ಮತ್ತೆ ಗದರಿಸತೊಡಗಿದ್ದರು, ಗಂಡಂದಿರು ಹರಿದ ಬನಿಯನ್ನಿಗೆ ಮರಳಿದ್ದರು. ಬೆಳಗ್ಗೆ ಒಂದು ಮನೆ, ಮಧ್ಯಾಹ್ನ ಒಂದು ಮನೆ, ಮೂರೂವರೆಗೆ ನಮ್ಮ ಮನೆ ಎಂದು ಅವಳು ಹಂಚಿಕೊಂಡಳು. ಹೂ ಕಟ್ಟುತ್ತಲೇ ಕೂತಿರುತ್ತಿದ್ದಳು. ಬಂದಾಗಲೆಲ್ಲ ನಮ್ಮ ಕಾಫಿಗೆ ಸಕ್ಕರೆ ಸಾಲದು ಎನ್ನುತ್ತಿದ್ದಳು.

ಒಂದು ಗುರುವಾರ. ಅವಳು ಕೂತಿದ್ದಳು, ಇವರು ಕಾಫಿ ತಂದಿದ್ದರು, ಕಥೆ ಶುರುವಾಗಿತ್ತು. "ಇವತ್ತು ಒಬ್ಬ ಯಜಮಾನ ಬಂದ. ಎಪ್ಪತ್ತರ ಮೇಲಿರ್ಬೇಕು. ಹೆಂಡತಿ ಕಳೆದುಹೋಗಿದ್ದಾಳೆ, ಮೈಕಲ್ಲಿ ಕೂಗಿ ಅಂದ. ಹೆಸರೇನು ಅಂದೆ. ನಮ್ಮನೆಯವಳು ಅಂದ. ಹೆಸರು ಹೇಳಿ ಸ್ವಾಮಿ ಅಂದ್ರೆ ಬೆವೆತುಹೋದ. ಕೊನೆಗೆ ಕಿವಿ ಹತ್ರ ಬಂದು ಸುಶೀಲ ಅಂದ. ಕೂಗಿದೆ, ಎಲ್ಲಿದ್ದರೂ ಬನ್ನಿ ಅಂತ. ನೋಡ್ತೀನಿ, ಆಯಮ್ಮ ಅವನ ಹಿಂದೇನೇ ಬೆಂಚಿನ ಮೇಲೆ ಕೂತಿದಾಳೆ! ಕೇಳಿಸ್ತಿದೆ, ನಗ್ತಾ ಇದಾಳೆ, ಏಳ್ತಾ ಇಲ್ಲ. ಯಾಕಮ್ಮಾ ಅಂತ ನಾನೇ ಹೋಗಿ ಕೇಳಿದೆ. ಅದಕ್ಕೆ ಅವಳು..."

ಹೊರಗೆ ಯಾರೋ ಕೂಗಿದರು, ಅಂಬಕ್ಕನ ಹೂವಿನ ಬುಟ್ಟಿಗೆ ದನ ಬಾಯಿಹಾಕಿದೆ ಎಂದು. "ಅಯ್ಯೋ ನನ್ನ ಸೇವಂತಿಗೆ!" ಎಂದವಳೇ ಕಟ್ಟುತ್ತಿದ್ದ ಮಾಲೆಯನ್ನು ಎಳೆದುಕೊಂಡು ಓಡಿದಳು. ಬಾಗಿಲು ಹಿಂದಿನಿಂದ ದಢಾರನೆ ಮುಚ್ಚಿ ಅಗುಳಿ ಬಿತ್ತು.

ಇವರ ಬಾಯಿ ತೆರೆದೇ ಇತ್ತು, ಮಾತು ನಿಂತಿತ್ತು. ಖಾಲಿ ಕುರ್ಚಿಯನ್ನು ನೋಡಿದರು. ಕ್ಯಾಮೆರಾ ನೋಡಿದರು. ಲೋಟ ನೋಡಿದರು. ಬಾಯಿ ಮುಚ್ಚಿದರು. ನೋಡುವವರೊಬ್ಬರೂ ಇಲ್ಲದೆ ನಾವಿಬ್ಬರೂ ಎದುರುಬದುರು ಕೂತು ಹನ್ನೊಂದು ವರ್ಷವಾಗಿತ್ತು. ನಾನು ಮೊದಲು ಮಾತಾಡಿದರೆ ಸೋತ ಹಾಗೆ. ಆ ಛತ್ರ, ಆ ಹಪ್ಪಳ, ಆ 'ಸುಮ್ನೆ ಮನೇಲಿದಾಳೆ', ಎಲ್ಲ ಎದೆಯಲ್ಲಿ ಒಟ್ಟಿಗೇ ಎದ್ದು ನಿಂತವು. ಅವರು ಮೇಲೇಳಲು ಕುರ್ಚಿಯ ಕೈ ಹಿಡಿದುಕೊಂಡರು.

"ಆಮೇಲೆ?" ಅಂದೆ.

ಅವರು ಅರ್ಧ ಎದ್ದವರು ಹಾಗೇ ನಿಂತರು. ಹಿಂದೆ ಯಾರಾದರೂ ಬಂದಿದ್ದಾರೇನೋ ಎಂದು ತಿರುಗಿ ನೋಡಿದರು. ಯಾರೂ ಇರಲಿಲ್ಲ. ಮೆಲ್ಲಗೆ ಕೂತರು. ಈ ಸಲ ಗಂಟಲು ಸರಿಮಾಡಿಕೊಳ್ಳಲಿಲ್ಲ, ಅದಕ್ಕೇ ದನಿ ಒಡೆದ ಹಾಗಿತ್ತು.

"ಮದುವೆಯಾಗಿ ನಲವತ್ತೈದು ವರ್ಷ ಆಯ್ತಂತೆ. ಅವನ ಬಾಯಲ್ಲಿ ಅವಳ ಹೆಸರು ಬಂದದ್ದು ಇದೇ ಮೊದಲಂತೆ. ಇನ್ನೊಂದ್ಸಲ ಕೇಳೋಣ ಅಂತ ಕೂತಿದೀನಿ ಅಂದ್ಲು."

"ನೀವು ಮತ್ತೆ ಕೂಗಿದ್ರಾ?"

"ಮೈಕು ಅವನ ಕೈಗೇ ಕೊಟ್ಟೆ, ಇಂದು."

ಅಷ್ಟರಲ್ಲಿ ಅಂಬಕ್ಕ ತಿರುಗಿ ಬಂದು ಬಾಗಿಲು ಬಡಿದಳು. ಒಂದು ಸಲ ಬಡಿದಳು, ಎರಡು ಸಲ ಬಡಿದಳು, ಒಳಗಿದ್ದೀರಾ ಇಲ್ವಾ ಎಂದು ಗಂಟಲೆತ್ತಿ ಕೂಗಿದಳು. ನಮ್ಮಿಬ್ಬರಲ್ಲಿ ಯಾರೂ ಏಳಲಿಲ್ಲ.